ಸಂಘದ ಚುನಾವಣೆ, ತಕರಾರು ಮತ್ತು ಇತ್ಯರ್ಥ: ನಡೆದು ಬಂದ ದಾರಿ



ನಮ್ಮ ಹಾಲಿನ ಸಂಘಕ್ಕೆ ಇಪ್ಪತ್ತೈದು ವರ್ಷ ತುಂಬಿದ ಈ ಸಂತೋಷದ ಸಂದರ್ಭದಲ್ಲಿ ಸಂಘ ಬೆಳೆದು ಬಂದ ಬಗೆ, ಹಾಲಿನ ಲೆಕ್ಕ, ಕಟ್ಟಡದ ಕತೆ ಎಲ್ಲವನ್ನೂ ಬೇರೆ ಮಹನೀಯರು ಈ ಸ್ಮರಣ ಸಂಚಿಕೆಯಲ್ಲಿ ಬರೆಯುತ್ತಿದ್ದಾರೆ. ನಾವು ಬರೆಯಲು ಹೊರಟದ್ದು ಸ್ವಲ್ಪ ಮುಜುಗರದ ವಿಷಯ. ಸಂಘದ ಚುನಾವಣೆಯಲ್ಲಿ ಏಳುವ ತಕರಾರು, ಅದನ್ನು ತೀರಿಸುವ ಕ್ರಮ, ಆ ಕ್ರಮ ನಮ್ಮವರೆಗೆ ನಡೆದು ಬಂದ ಚರಿತ್ರೆ. ಹಬ್ಬದ ದಿನ ಜಗಳದ ಮಾತು ಯಾಕೆ ಅಂತ ಕೆಲವರು ಕೇಳಿಯಾರು. ಹಬ್ಬದ ದಿನವೇ ಎಲ್ಲರೂ ಸೇರುವುದು, ಹಾಗಾಗಿ ಈಗಲೇ ಹೇಳುವುದು ಒಳ್ಳೆಯದು ಅಂತ ನಮಗೆ ಕಂಡಿತು. ನಾವು ಕಾನೂನು ಓದಿದವರಲ್ಲ. ಎಸ್ಸೆಸ್ಸೆಲ್ಸಿ ಮುಗಿಸಿ ತೋಟಕ್ಕೂ ಹಟ್ಟಿಗೂ ಇಳಿದವರು. ನಿರ್ದೇಶಕರಾಗಿ ಕೂತ ಮೇಲೆ ಓದಿ, ಕೇಳಿ, ನೋಡಿ ತಿಳಿದದ್ದನ್ನು ಇಲ್ಲಿ ಬರೆದಿದ್ದೇವೆ.

ಒಂದು ಮಾತನ್ನು ಮೊದಲೇ ಹೇಳಿಬಿಡುತ್ತೇವೆ. ವಿಧಾನಸಭೆಯ ಚುನಾವಣೆಯಲ್ಲಿ ಸೋತವರು ಗೆದ್ದವರ ಮುಖ ಐದು ವರ್ಷ ನೋಡದೆ ಇರ್ಲಿಕ್ಕೆ ಆಗ್ತದೆ. ನಮ್ಮಲ್ಲಿ ಹಾಗಿಲ್ಲ. ಇವತ್ತು ಸಂಜೆ ಮತ ಎಣಿಕೆ ಮುಗಿದರೆ ನಾಳೆ ಬೆಳಿಗ್ಗೆ ಗೆದ್ದವನೂ ಸೋತವನೂ ಅದೇ ಸಾಲಿನಲ್ಲಿ ಹಾಲಿನ ತಂಬಿಗೆ ಹಿಡಿದು ನಿಲ್ಲಬೇಕು. ಇಬ್ಬರ ಹಾಲೂ ಒಂದೇ ಕ್ಯಾನಿಗೆ ಬೀಳುವುದು. ಹಾಗಾಗಿ ಸಂಘದ ಚುನಾವಣಾ ತಕರಾರನ್ನು ಬೇಗ ಮುಗಿಸಬೇಕು, ಕಡಿಮೆ ಖರ್ಚಿನಲ್ಲಿ ಮುಗಿಸಬೇಕು, ಸೋತವನೂ ಒಪ್ಪಿ ಮರುದಿನ ಹಾಲು ತರುವ ಹಾಗೆ ಮುಗಿಸಬೇಕು. ನೂರಿಪ್ಪತ್ತು ವರ್ಷಗಳಿಂದ ಸಹಕಾರಿ ಕಾಯಿದೆ ಮಾಡಿದವರು ಹುಡುಕಿದ್ದೂ ಇದನ್ನೇ.

ಸಂಘಗಳಿಗಿಂತ ಮೊದಲು

ನಮ್ಮ ಅಳದಂಗಡಿ ಹಳೆಯ ಊರು. ವೇಣೂರಿನಲ್ಲಿ 1604ರಲ್ಲಿ ಬಾಹುಬಲಿ ಮೂರ್ತಿ ನಿಲ್ಲಿಸಿದ ಅಜಿಲ ಅರಸು ಮನೆತನದ ಅರಮನೆ ಇರುವ ಊರು. ಇಂಥ ಊರುಗಳಲ್ಲಿ ತಕರಾರು ತೀರಿಸುವ ಕ್ರಮ ಸಂಘಗಳಿಗಿಂತ ಎಷ್ಟೋ ಮೊದಲೇ ಇತ್ತು. ಮಾಗಣೆಯ ಗುತ್ತಿನವರು ಚಾವಡಿಯಲ್ಲಿ ಕೂತು ಹೇಳುವುದು ಒಂದು. ದೈವದ ಎದುರು ನಿಂತು ಸತ್ಯ ಹೇಳುವುದು ಇನ್ನೊಂದು. ನಮ್ಮದೇ ತಾಲೂಕಿನ ಧರ್ಮಸ್ಥಳದಲ್ಲಿ ಹೆಗ್ಗಡೆಯವರ ಮುಂದೆ ಹೊಯ್ಲು ಕೊಟ್ಟು ತೀರ್ಮಾನ ಪಡೆಯುವ ಕ್ರಮ ಮತ್ತೊಂದು. ಕೋರ್ಟಿಗೆ ಹೋದರೆ ಗೆದ್ದವ ಸೋತ, ಸೋತವ ಸತ್ತ ಅನ್ನುವ ಗಾದೆ ಗೊತ್ತಿದ್ದ ಜನ ಇದನ್ನು ನಂಬಿ ನಡೆದರು.

ಈ ಕ್ರಮದಲ್ಲಿ ಎರಡು ದೊಡ್ಡ ಗುಣ ಇದ್ದವು. ತೀರ್ಮಾನ ಬೇಗ ಆಗುತ್ತಿತ್ತು, ಖರ್ಚು ಇರಲಿಲ್ಲ. ಆದರೆ ಒಂದು ಕೊರತೆಯೂ ಇತ್ತು. ಚಾವಡಿಯಲ್ಲಿ ಎಲ್ಲರ ಮಾತಿಗೆ ಒಂದೇ ತೂಕ ಇರಲಿಲ್ಲ. ಯಾರು ಮೇಲೆ ಕೂರಬೇಕು, ಯಾರು ಅಂಗಳದಲ್ಲಿ ನಿಲ್ಲಬೇಕು ಅಂತ ಮೊದಲೇ ನಿಶ್ಚಯ ಆಗಿತ್ತು. ಸಹಕಾರ ಸಂಘ ಬದಲಾಯಿಸಿದ್ದು ಈ ಕೊರತೆಯನ್ನು.

ಒಬ್ಬರಿಗೆ ಒಂದೇ ಓಟು

1844ರಲ್ಲಿ ಇಂಗ್ಲೆಂಡಿನ ರಾಚ್‌ಡೇಲ್ ಎಂಬ ಊರಿನಲ್ಲಿ ನೇಕಾರರೇ ಮೊದಲಾದ ಇಪ್ಪತ್ತೆಂಟು ಮಂದಿ ಕೂಡಿ ಒಂದು ಅಂಗಡಿ ಹಾಕಿದರು. ಪಾಲು ಎಷ್ಟೇ ಇರಲಿ, ಒಬ್ಬ ಸದಸ್ಯನಿಗೆ ಒಂದೇ ಮತ ಅನ್ನುವುದು ಅವರ ನಿಯಮ. ಇವತ್ತು ನಮ್ಮ ಸಂಘದಲ್ಲಿ ಒಂದು ದನ ಸಾಕುವವರಿಗೂ ಹತ್ತು ದನ ಸಾಕುವವರಿಗೂ ಒಂದೇ ಓಟು ಇರುವುದು ಆ ಇಪ್ಪತ್ತೆಂಟು ಮಂದಿಯ ದೆಸೆಯಿಂದ.

ನಮ್ಮ ದೇಶಕ್ಕೆ ಸಹಕಾರ ಸಂಘದ ಕಾಯಿದೆ ಬಂದದ್ದು 1904ರಲ್ಲಿ. ಮರುವರ್ಷವೇ, 1905ರಲ್ಲಿ, ಗದಗ ತಾಲೂಕಿನ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಸಂಘ ಕಟ್ಟಿದರು. ನಮ್ಮ ಜಿಲ್ಲೆಯಲ್ಲಿ ಪುತ್ತೂರಿನಲ್ಲಿ 1909ರಲ್ಲಿ ಸಹಕಾರ ಸಂಘ, 1914ರಲ್ಲಿ ಜಿಲ್ಲಾ ಕೇಂದ್ರ ಬ್ಯಾಂಕು ಆರಂಭವಾದವು. ಎರಡರ ಹಿಂದೆಯೂ ಇದ್ದವರು ನಮ್ಮ ಜಿಲ್ಲೆಯ ಸಹಕಾರಿ ಪಿತಾಮಹ ಮೊಳಹಳ್ಳಿ ಶಿವರಾಯರು. ಸ್ವತಃ ವಕೀಲರಾಗಿದ್ದ ಅವರು ರೈತರನ್ನು ಕರೆದು ಸಂಘದ ಮೆಟ್ಟಿಲು ಹತ್ತಿಸಿದರು ಎನ್ನುವುದು ನಾವು ನೆನಪಿಡಬೇಕಾದ ಸಂಗತಿ.

1912ರಲ್ಲಿ ಬಂದ ಎರಡನೆಯ ಕಾಯಿದೆಯಲ್ಲೇ ಒಂದು ಮುಖ್ಯ ವಿಚಾರ ಸೇರಿತ್ತು. ಸಂಘದ ವ್ಯವಹಾರಕ್ಕೆ ಸಂಬಂಧಪಟ್ಟು ಸದಸ್ಯರ ನಡುವೆ ತಕರಾರು ಎದ್ದರೆ ಅದನ್ನು ನಿಬಂಧಕರಿಗೆ ಅಥವಾ ಪಂಚಾಯಿತಿದಾರರಿಗೆ ಒಪ್ಪಿಸುವಂತೆ ನಿಯಮ ಮಾಡಬಹುದು ಎಂದು. ಕಾರಣ ಸರಳ. ಐದು ಹತ್ತು ರೂಪಾಯಿಯ ಪಾಲು ಹಾಕಿದ ಬಡ ರೈತ ಕೋರ್ಟಿನ ಖರ್ಚು ತಡೆಯಲಾರ. ಚಾವಡಿಯ ಹಾಗೆ ಬೇಗ ಮುಗಿಯಬೇಕು, ಆದರೆ ಕಾಗದದ ಮೇಲೆ, ಎಲ್ಲರನ್ನೂ ಸಮ ಅಂತ ನೋಡಿ ಮುಗಿಯಬೇಕು ಎನ್ನುವುದು ಇದರ ತಿರುಳು.

ಒಂದು ಶಬ್ದದ ಜಗಳ

1956ರ ನವೆಂಬರ್ 1ರ ತನಕ ನಮ್ಮ ದಕ್ಷಿಣ ಕನ್ನಡ ಮದ್ರಾಸು ಆಡಳಿತದಲ್ಲಿತ್ತು. ಹಾಗಾಗಿ ನಮ್ಮ ಹಿರಿಯರ ಕಾಲದ ಸಂಘಗಳಿಗೆ 1932ರ ಮದ್ರಾಸು ಸಹಕಾರ ಸಂಘಗಳ ಕಾಯಿದೆಯೇ ಅನ್ವಯ. ಅದರ 51ನೆಯ ಕಲಮಿನಲ್ಲೂ ಸಂಘದ ವ್ಯವಹಾರಕ್ಕೆ ಸಂಬಂಧಪಟ್ಟ ತಕರಾರು ನಿಬಂಧಕರ ಮುಂದೆ ಹೋಗಬೇಕು ಅಂತ ಇತ್ತು. ಈ ವ್ಯವಹಾರ ಎನ್ನುವ ಶಬ್ದದ ಮೇಲೆಯೇ ಜಗಳ ಹುಟ್ಟಿತು. ಸಾಲ ಕೊಡುವುದು, ವಸೂಲಿ ಮಾಡುವುದು ವ್ಯವಹಾರ ಸರಿ. ನಿರ್ದೇಶಕರ ಚುನಾವಣೆ ವ್ಯವಹಾರ ಹೌದಾ? ಹೌದು ಅಂತ ಕೆಲವರು, ಅಲ್ಲ ಅದು ಸಿವಿಲ್ ಕೋರ್ಟಿನ ವಿಷಯ ಅಂತ ಕೆಲವರು. ಕೊನೆಗೆ 1950ರ ದಶಕದಲ್ಲಿ ಮದ್ರಾಸು ಹೈಕೋರ್ಟಿನ ಪೂರ್ಣಪೀಠವೇ ಕೂತು, ಸಂಘವನ್ನು ನಡೆಸುವವರನ್ನು ಆರಿಸುವುದೂ ಸಂಘದ ವ್ಯವಹಾರಕ್ಕೆ ಸಂಬಂಧಪಟ್ಟದ್ದೇ ಎಂಬ ಅರ್ಥದಲ್ಲಿ ತೀರ್ಮಾನ ಕೊಡಬೇಕಾಯಿತು.

ರಾಜ್ಯ ಒಂದಾದ ಮೇಲೆ 1959ರಲ್ಲಿ ಮೈಸೂರು ಸಹಕಾರ ಸಂಘಗಳ ಕಾಯಿದೆ ಬಂತು, 1960ರಿಂದ ಜಾರಿಯಾಯಿತು. ಇವತ್ತು ನಾವು ಕರ್ನಾಟಕ ಸಹಕಾರ ಸಂಘಗಳ ಕಾಯಿದೆ ಅನ್ನುವುದು ಇದನ್ನೇ. ಇದನ್ನು ಬರೆದವರು ಹಳೆಯ ಜಗಳಕ್ಕೆ ಎಡೆ ಇಡಲಿಲ್ಲ. 70ನೆಯ ಕಲಮಿನಲ್ಲಿ ಸಂಘದ ರಚನೆ, ಆಡಳಿತ ಅಥವಾ ವ್ಯವಹಾರ ಅಂತ ಮೂರನ್ನೂ ಹೇಳಿ, ಅಧ್ಯಕ್ಷ, ಉಪಾಧ್ಯಕ್ಷ, ಆಡಳಿತ ಮಂಡಳಿ ಸದಸ್ಯರ ಚುನಾವಣೆಯ ತಕರಾರೂ ಇದರೊಳಗೆ ಬರುತ್ತದೆ ಎಂದು ಬೇರೆಯಾಗಿಯೇ ಬರೆದರು. ಒಂದು ಶಬ್ದ ಸ್ಪಷ್ಟ ಇಲ್ಲದಿದ್ದರೆ ಎಷ್ಟು ವರ್ಷ ಅಲೆಯಬೇಕಾಗ್ತದೆ ಎನ್ನುವುದಕ್ಕೆ ಇದೊಂದು ಪಾಠ.

ಈಗ ಇರುವ ದಾರಿ

ಹಾಗಾದರೆ ನಮ್ಮ ಸಂಘದ ಚುನಾವಣೆಯಲ್ಲಿ ಅನ್ಯಾಯ ಆಯಿತು ಅಂತ ಒಬ್ಬ ಸದಸ್ಯನಿಗೆ ಅನ್ನಿಸಿದರೆ ಎಲ್ಲಿಗೆ ಹೋಗಬೇಕು? ಬೆಳ್ತಂಗಡಿಯ ಸಿವಿಲ್ ಕೋರ್ಟಿಗಲ್ಲ. 70ನೆಯ ಕಲಮಿನ ಪ್ರಕಾರ ಸಹಕಾರ ಇಲಾಖೆಯ ನಿಬಂಧಕರ ಮುಂದೆ ತಕರಾರು ಅರ್ಜಿ ಹಾಕಬೇಕು. ನಿಬಂಧಕರು ತಾವೇ ವಿಚಾರಣೆ ಮಾಡಬಹುದು, ಅಧಿಕಾರ ಪಡೆದ ಇನ್ನೊಬ್ಬ ಅಧಿಕಾರಿಗೆ ವರ್ಗಾಯಿಸಬಹುದು, ಇಲ್ಲವೇ ಪಂಚಾಯಿತಿದಾರರಿಗೆ ಒಪ್ಪಿಸಬಹುದು ಎಂದು 71ನೆಯ ಕಲಮು ಹೇಳುತ್ತದೆ. ಎರಡೂ ಕಡೆಗೆ ನೋಟೀಸು ಹೋಗುತ್ತದೆ. ಮತದಾರರ ಪಟ್ಟಿ, ನಾಮಪತ್ರ, ಮತಪತ್ರ, ಎಣಿಕೆಯ ದಾಖಲೆ ಪರಿಶೀಲನೆಗೆ ಬರುತ್ತವೆ. ಅಲ್ಲಿ ಕೊಟ್ಟ ತೀರ್ಪು ಒಪ್ಪಿಗೆ ಆಗದಿದ್ದರೆ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು. ಅರ್ಜಿ ಹಾಕುವುದಕ್ಕೆ ಗಡುವು ಇದೆ, ಅದು ದೊಡ್ಡದಲ್ಲ. ಮಳೆಗಾಲ ಕಳೆಯಲಿ, ಅಡಿಕೆ ಕೊಯ್ಲು ಮುಗಿಯಲಿ ಅಂತ ಕೂತರೆ ಹಕ್ಕು ಹೋಗ್ತದೆ.

ಕೆಲವರು ಚುನಾವಣೆಯ ನಡುವೆಯೇ ಹೈಕೋರ್ಟಿಗೆ ಓಡುವುದುಂಟು. ಇದರ ಬಗ್ಗೆಯೂ ಹಳೆಯದೊಂದು ತೀರ್ಪು ತಿಳಿದಿರಬೇಕು. ಸ್ವತಂತ್ರ ಭಾರತದ ಮೊದಲ ಮಹಾಚುನಾವಣೆಯ ಕಾಲದಲ್ಲಿ ಮದ್ರಾಸು ರಾಜ್ಯದ ನಾಮಕ್ಕಲ್ ಕ್ಷೇತ್ರದಲ್ಲಿ ಪೊನ್ನುಸ್ವಾಮಿ ಎಂಬವರ ನಾಮಪತ್ರ ತಿರಸ್ಕಾರ ಆಯಿತು. ಅವರು ಕೋರ್ಟಿಗೆ ಹೋದರು. ಚುನಾವಣೆ ಶುರುವಾದ ಮೇಲೆ ನಡುವೆ ನಿಲ್ಲಿಸುವ ಹಾಗಿಲ್ಲ, ಮುಗಿದ ಮೇಲೆ ಚುನಾವಣಾ ಅರ್ಜಿ ಹಾಕುವುದೇ ದಾರಿ ಎಂದು 1952ರಲ್ಲಿ ಸುಪ್ರೀಂ ಕೋರ್ಟು ಹೇಳಿತು. 2001ರಲ್ಲಿ ಮಹಾರಾಷ್ಟ್ರದ ಒಂದು ಹಾಲು ಉತ್ಪಾದಕರ ಸಹಕಾರ ಸಂಸ್ಥೆಯ ಮೊಕದ್ದಮೆಯಲ್ಲೂ ಅದೇ ಸುಪ್ರೀಂ ಕೋರ್ಟು, ಮತದಾರರ ಪಟ್ಟಿ ತಯಾರಿಸುವುದೂ ಚುನಾವಣೆಯ ಒಂದು ಹಂತ, ಅಲ್ಲಿ ತಪ್ಪಾದರೂ ಚುನಾವಣಾ ಅರ್ಜಿಯೇ ದಾರಿ ಎಂದಿತು. ನಮ್ಮಂಥದೇ ಹಾಲಿನ ಸಂಸ್ಥೆಯೊಂದರ ತಕರಾರು ದಿಲ್ಲಿಯ ತನಕ ಹೋಗಿ ದೇಶಕ್ಕೆಲ್ಲ ದಾರಿ ತೋರಿಸುವ ಮಾತಾಯಿತು ಅನ್ನುವುದನ್ನು ಗಮನಿಸಬೇಕು.

ಕಾಗದದ ಮೇಲೆ ದಾರಿ ಚೆನ್ನಾಗಿಯೇ ಉಂಟು. ಕಷ್ಟ ಇರುವುದು ಸಮಯದಲ್ಲಿ. ಆಡಳಿತ ಮಂಡಳಿಯ ಅವಧಿ ಐದು ವರ್ಷ. ತಕರಾರು ನಿಬಂಧಕರ ಮುಂದೆ ಸ್ವಲ್ಪ ಕಾಲ, ಮೇಲ್ಮನವಿಯಲ್ಲಿ ಸ್ವಲ್ಪ ಕಾಲ, ಹೈಕೋರ್ಟಿನಲ್ಲಿ ಸ್ವಲ್ಪ ಕಾಲ ಅಂತ ಹೋದರೆ ತೀರ್ಪು ಬರುವಾಗ ಅವಧಿಯೇ ಮುಗಿದಿರುತ್ತದೆ. ಗೆದ್ದವರಿಗೆ ಕೂತುಕೊಳ್ಳಲು ಕುರ್ಚಿ ಇಲ್ಲ. ಪ್ರತಿ ಸಲ ಘಟ್ಟ ಹತ್ತಿ ಬೆಂಗಳೂರಿಗೆ ಹೋಗಿ ಬರುವ ಖರ್ಚು, ವಕೀಲರ ಫೀಸು, ಮನೆಯಲ್ಲಿ ದನ ಕರೆಯಲು ಆಳಿಲ್ಲದ ಪಾಡು ಯಾರಿಗೂ ಹೇಳುವ ಹಾಗಿಲ್ಲ. ಜಗಳ ಬೆಳೆದು ಆಡಳಿತವೇ ನಿಂತರೆ 30ನೆಯ ಕಲಮಿನಂತೆ ಮಂಡಳಿಯನ್ನು ತೆಗೆದು ಆಡಳಿತಾಧಿಕಾರಿಯನ್ನು ಹಾಕುವ ಅಧಿಕಾರ ಇಲಾಖೆಗೆ ಉಂಟು. ಬರುವ ಅಧಿಕಾರಿ ಎಷ್ಟು ಒಳ್ಳೆಯವರಾದರೂ ಯಾರ ಮನೆಯ ದನಕ್ಕೆ ಕೆಚ್ಚಲು ಬಾವು ಆಗಿದೆ, ಯಾರ ಹಾಲು ಯಾಕೆ ಕಡಿಮೆಯಾಯಿತು ಅಂತ ಅವರಿಗೆ ಹೇಗೆ ಗೊತ್ತಾಗಬೇಕು?

2012ರ ನಂತರ

ಸಂವಿಧಾನಕ್ಕೆ ತಂದ 97ನೆಯ ತಿದ್ದುಪಡಿ 2012ರ ಫೆಬ್ರವರಿ 15ರಿಂದ ಜಾರಿಗೆ ಬಂತು. ಸಹಕಾರ ಸಂಘ ಕಟ್ಟುವುದು ಮೂಲಭೂತ ಹಕ್ಕುಗಳ ಸಾಲಿಗೆ ಸೇರಿತು. ನಿರ್ದೇಶಕರು ಇಪ್ಪತ್ತೊಂದಕ್ಕಿಂತ ಹೆಚ್ಚಿರಬಾರದು, ಅವಧಿ ಐದು ವರ್ಷ, ಮಹಿಳೆಯರಿಗೆ ಎರಡು ಸ್ಥಾನ, ಪರಿಶಿಷ್ಟರಿಗೆ ಒಂದು ಸ್ಥಾನ, ಅವಧಿ ಮುಗಿಯುವ ಮೊದಲೇ ಚುನಾವಣೆ ಎಂದೆಲ್ಲ ಬಂತು. ಇದರ ಬೆನ್ನಿಗೇ ರಾಜ್ಯದ ಕಾಯಿದೆಯೂ 2013ರಲ್ಲಿ ತಿದ್ದುಪಡಿಯಾಗಿ ಸಹಕಾರ ಚುನಾವಣಾ ಪ್ರಾಧಿಕಾರ ಬಂತು. ಮುಂದೆ 2021ರ ಜುಲೈ 20ರಂದು ಸುಪ್ರೀಂ ಕೋರ್ಟು, ಅರ್ಧದಷ್ಟು ರಾಜ್ಯಗಳ ಶಾಸನಸಭೆಗಳ ಒಪ್ಪಿಗೆ ಪಡೆಯದ ಕಾರಣ ಆ ತಿದ್ದುಪಡಿಯ ಸಹಕಾರ ಸಂಘಗಳ ಭಾಗ ರಾಜ್ಯದೊಳಗಿನ ಸಂಘಗಳಿಗೆ ನಿಲ್ಲುವುದಿಲ್ಲ, ಬಹುರಾಜ್ಯ ಸಂಘಗಳಿಗೆ ಮಾತ್ರ ಎಂದು ತೀರ್ಪಿತ್ತಿತು. ಹಾಗಂತ ನಮ್ಮ ಸಂಘಕ್ಕೆ ನಿಯಮವೇ ಇಲ್ಲವೆಂದಲ್ಲ. ನಮ್ಮನ್ನು ಆಳುವುದು ರಾಜ್ಯದ ಕಾಯಿದೆ, ಅದು ಇದ್ದೇ ಇದೆ.

2013ರ ತಿದ್ದುಪಡಿಯ ನಂತರ ತಕರಾರಿನ ಸ್ವರೂಪವೇ ಬದಲಾಯಿತು. ಮೊದಲೆಲ್ಲ ಜಗಳ ಎಣಿಕೆಯ ಮೇಜಿನಲ್ಲಿ. ಆಮೇಲೆ ಜಗಳ ಮತದಾರರ ಪಟ್ಟಿಯಲ್ಲಿ. ಮಹಾಸಭೆಗಳಿಗೆ ಬಾರದವರು, ಉಪನಿಯಮದಲ್ಲಿ ಹೇಳಿದಷ್ಟು ಕನಿಷ್ಠ ವ್ಯವಹಾರ ಮಾಡದವರು ಮತ ಹಾಕುವ ಹಾಗಿಲ್ಲ ಎಂಬ ನಿಯಮ ಬಂದಾಗ ರಾಜ್ಯದ ಎಷ್ಟೋ ಸಂಘಗಳಲ್ಲಿ ದೊಡ್ಡ ಸಂಖ್ಯೆಯ ಸದಸ್ಯರು ಅನರ್ಹರ ಪಟ್ಟಿಗೆ ಹೋದರು. ನಮಗೆ ನೋಟೀಸೇ ಕೊಡಲಿಲ್ಲ ಅಂತ ಅವರು ಹೈಕೋರ್ಟಿಗೆ ಹೋದರು. ಮಧ್ಯಂತರ ಆದೇಶ ತಂದು ಓಟು ಹಾಕಿದರು. ಅಂಥವರ ಮತಗಳನ್ನು ಬೇರೆಯೇ ಪೆಟ್ಟಿಗೆಯಲ್ಲಿ ಹಾಕಿಸಿ, ಫಲಿತಾಂಶವನ್ನು ತಡೆಹಿಡಿದು ಕಾದ ಸಂಘಗಳುಂಟು. ಒಂದೇ ಸಂಘ, ಒಂದೇ ಚುನಾವಣೆ, ಎರಡು ಪೆಟ್ಟಿಗೆ! ಬರದವರಿಗೆ ಓಟು ಯಾಕೆ ಅಂತ ಕೇಳುವುದರಲ್ಲಿಯೂ ನ್ಯಾಯ ಇದೆ. ಹೇಳದೆ ಕೇಳದೆ ಹೆಸರು ಬಿಟ್ಟರೆ ಹೇಗೆ ಅಂತ ಕೇಳುವುದರಲ್ಲಿಯೂ ನ್ಯಾಯ ಇದೆ. ಇಂಥ ನಿಯಮಗಳು ಆಗಾಗ ತಿದ್ದುಪಡಿಯಾಗುತ್ತವೆ. ಹಳೆಯ ಸುತ್ತೋಲೆ ಹಿಡಿದು ವಾದ ಮಾಡದೆ, ಚುನಾವಣೆಯ ಹೊತ್ತಿಗೆ ಜಾರಿಯಲ್ಲಿ ಇರುವುದು ಯಾವುದು ಅಂತ ಇಲಾಖೆಯಿಂದ ತಿಳಿದುಕೊಳ್ಳುವುದು ಉತ್ತಮ.

ತಕರಾರು ಹುಟ್ಟುವುದು ಪುಸ್ತಕದಲ್ಲಿ

ನಮ್ಮ ಸುತ್ತಿನ ಸಂಘಗಳಲ್ಲಿ ಕಂಡದ್ದನ್ನು ಹೇಳುವುದಾದರೆ, ಚುನಾವಣೆಯ ದಿನ ಏಳುವ ಹೆಚ್ಚಿನ ಗಲಾಟೆಯ ಬೇರು ಸದಸ್ಯರ ಪುಸ್ತಕದಲ್ಲಿ ಇರುತ್ತದೆ. ಅದು ಅಲ್ಲಿ ಹತ್ತು ವರ್ಷಗಳಿಂದ ಮಲಗಿರುತ್ತದೆ, ಯಾರೂ ನೋಡಿರುವುದಿಲ್ಲ ಅಷ್ಟೆ.

ಒಂದನೆಯದು, ತೀರಿಕೊಂಡವರ ಹೆಸರು. ಪಾಲು ಇರುವುದು ತಂದೆಯ ಹೆಸರಿನಲ್ಲಿ. ತಂದೆ ಹೋಗಿ ವರ್ಷಗಳಾಗಿವೆ. ಮಗ ದಿನಾ ಹಾಲು ಹಾಕುತ್ತಾನೆ, ಬಟವಾಡೆ ಪಡೆಯುತ್ತಾನೆ, ಬೋನಸ್ಸು ಪಡೆಯುತ್ತಾನೆ. ಸಂಘ ನಮ್ಮದು ಅಂತ ತಿಳಿದಿರುತ್ತಾನೆ. ಓಟಿನ ದಿನ ಬಂದರೆ ನೀವು ಸದಸ್ಯರಲ್ಲ ಅನ್ನುತ್ತಾರೆ. ಅವನಿಗೆ ಸಿಟ್ಟು ಬರುವುದು ಸಹಜ. ನಮ್ಮ ಕಡೆ ಅಳಿಯಕಟ್ಟಿನ ಮನೆಗಳಲ್ಲಿ ಇದು ಇನ್ನೂ ತೊಡಕು. ಪಾಲು ಯಜಮಾನರಾಗಿದ್ದ ಮಾವನ ಹೆಸರಿನಲ್ಲಿ ಇದ್ದರೆ ಅದು ಅಳಿಯನಿಗೋ ಮಕ್ಕಳಿಗೋ ಎಂಬ ಪ್ರಶ್ನೆ ಚುನಾವಣೆಯ ಹಿಂದಿನ ವಾರ ಎದ್ದರೆ ತೀರಿಸುವವರಾರು? ನಾಮನಿರ್ದೇಶನದ ಕಾಗದ ಒಂದಿದ್ದರೆ ಸಾಕಿತ್ತು.

ಎರಡನೆಯದು, ಹೆಂಗಸರ ಹೆಸರು. ಹುಲ್ಲು ತರುವುದು, ಹಟ್ಟಿ ತೊಳೆಯುವುದು, ಹಾಲು ಕರೆಯುವುದು, ಸೊಸೈಟಿಗೆ ತರುವುದು ಮನೆಯ ಹೆಂಗಸರು. ಪುಸ್ತಕದಲ್ಲಿ ಹೆಸರು ಗಂಡನದ್ದು. ಮಹಿಳಾ ಸ್ಥಾನಕ್ಕೆ ಯಾರು ನಿಲ್ಲುತ್ತಾರೆ ಅಂತ ಹುಡುಕುವಾಗ ಅರ್ಹ ಸದಸ್ಯೆಯರೇ ಸಿಗದೆ, ನಿಲ್ಲಿಸಿದವರ ಅರ್ಹತೆಯ ಮೇಲೆಯೇ ಆಕ್ಷೇಪ ಏಳುವುದುಂಟು.

ಮೂರನೆಯದು, ಹೆಸರಿನ ವ್ಯತ್ಯಾಸ. ಪುಸ್ತಕದಲ್ಲಿ ಒಂದು, ಆಧಾರ್ ಚೀಟಿಯಲ್ಲಿ ಇನ್ನೊಂದು, ಊರಲ್ಲಿ ಕರೆಯುವುದು ಮತ್ತೊಂದು. ಒಂದೇ ಹೆಸರಿನವರು ಒಂದೇ ಗ್ರಾಮದಲ್ಲಿ ಮೂವರು. ಇನಿಷಿಯಲ್ಲು ಇಲ್ಲದಿದ್ದರೆ ಯಾರ ಓಟು ಯಾರದ್ದು?

ನಾಲ್ಕನೆಯದು, ಮಹಾಸಭೆಯ ಹಾಜರಿ. ಸಭೆಗೆ ಬಂದು, ಊಟ ಮಾಡಿ, ಪುಸ್ತಕಕ್ಕೆ ಸಹಿ ಹಾಕದೆ ಹೋದವರು ದಾಖಲೆಯ ಮಟ್ಟಿಗೆ ಬಂದೇ ಇಲ್ಲ.

ಐದನೆಯದು, ಸುಸ್ತಿ. ಸಾಲದ ಒಂದು ಕಂತು ಉಳಿದದ್ದಕ್ಕೆ ನಾಮಪತ್ರ ತಿರಸ್ಕಾರ ಆಗಬಹುದು. ಆ ವಿಷಯ ಅಭ್ಯರ್ಥಿಗೆ ಪರಿಶೀಲನೆಯ ಮೇಜಿನಲ್ಲಿ ಗೊತ್ತಾದರೆ ಇದು ಬೇಕಂತಲೇ ಮಾಡಿದ್ದು ಅಂತ ಅವರಿಗೆ ಅನ್ನಿಸಿಯೇ ಅನ್ನಿಸುತ್ತದೆ.

ಈ ಐದರಲ್ಲಿ ಒಂದಕ್ಕೂ ನಿಬಂಧಕರು ಬೇಕಾಗಿಲ್ಲ. ಕಾರ್ಯದರ್ಶಿಯವರ ಪುಸ್ತಕ, ಸದಸ್ಯರ ಎರಡು ಕಾಗದ, ನಿರ್ದೇಶಕರ ಒಂದು ಸಭೆ ಸಾಕು.

ಅವಿರೋಧ ಆಯ್ಕೆಯ ಬಗ್ಗೆ ಎರಡು ಮಾತು

ಚುನಾವಣೆ ನಡೆದರೆ ತಾನೇ ತಕರಾರು, ಅವಿರೋಧ ಮಾಡಿಬಿಟ್ಟರೆ ಆಯಿತಲ್ಲ ಅಂತ ಹಿರಿಯರು ಹೇಳುವುದುಂಟು. ಎಲ್ಲರೂ ಮನಸಾರೆ ಒಪ್ಪಿದರೆ ಅದಕ್ಕಿಂತ ದೊಡ್ಡದಿಲ್ಲ. ಖರ್ಚೂ ಉಳಿಯುತ್ತದೆ. ಆದರೆ ಅವಿರೋಧ ಅಂದರೆ ವಿರೋಧವೇ ಇರಲಿಲ್ಲ ಅಂತ ಅರ್ಥ ಅಲ್ಲ. ನಾಲ್ಕು ಮಂದಿ ದೊಡ್ಡವರು ಮೊದಲೇ ಪಟ್ಟಿ ಮಾಡಿ, ನಾಮಪತ್ರ ಹಾಕಿದವರನ್ನು ಮನೆಗೆ ಕರೆದು ಹಿಂದೆ ತೆಗೆಸಿದರೆ ಅದು ಹಳೆಯ ಚಾವಡಿಯೇ ಹೊರತು ಸಂಘ ಅಲ್ಲ. ಹಾಗೆ ಒಳಗೆ ಇಟ್ಟುಕೊಂಡ ಅಸಮಾಧಾನ ಮುಂದಿನ ಮಹಾಸಭೆಯಲ್ಲಿ ಲೆಕ್ಕಪತ್ರದ ನೆಪದಲ್ಲಿ ಹೊರಗೆ ಬರುತ್ತದೆ. ನಿಲ್ಲುವವರು ನಿಲ್ಲಲಿ, ಗುಟ್ಟಾಗಿ ಓಟು ಬೀಳಲಿ, ಸಮ ಬಂದರೆ ಚೀಟಿ ಎತ್ತಲಿ. ಎಲ್ಲರ ಕಣ್ಣೆದುರು ಸೋತವನಿಗೆ ಇರುವ ಸಮಾಧಾನ, ಬಾಗಿಲು ಹಾಕಿ ಹಿಂದೆ ಸರಿಸಲ್ಪಟ್ಟವನಿಗೆ ಇರುವುದಿಲ್ಲ.

ನಾವು ಮಾಡಬಹುದಾದದ್ದು

ಬೆಳ್ಳಿಹಬ್ಬದ ವರ್ಷದಲ್ಲಿ ಕೆಲವು ಕೆಲಸಗಳನ್ನು ಸಂಘ ಕೈಗೆತ್ತಿಕೊಳ್ಳಬೇಕು ಅಂತ ನಾವು ಸದಸ್ಯರ ಮುಂದೆ ಇಡುತ್ತೇವೆ.

ತೀರಿಕೊಂಡ ಸದಸ್ಯರ ಪಾಲನ್ನು ವಾರಸುದಾರರ ಹೆಸರಿಗೆ ಮಾಡಿಸುವ ಕೆಲಸವನ್ನು ಈ ವರ್ಷವೇ ಮುಗಿಸಬೇಕು. ಹಾಲು ಹಾಕುವ ಹೆಂಗಸರು ತಮ್ಮ ಹೆಸರಿನಲ್ಲಿ ಸದಸ್ಯತ್ವ ಪಡೆಯುವಂತೆ ಮನೆಯ ಗಂಡಸರೇ ಮುಂದೆ ನಿಂತು ಅರ್ಜಿ ಕೊಡಿಸಬೇಕು. ಸದಸ್ಯರ ಪಟ್ಟಿಯನ್ನು ಚುನಾವಣೆ ಇಲ್ಲದ ವರ್ಷವೂ ಹಾಲು ಅಳೆಯುವ ಕೋಣೆಯ ಗೋಡೆಗೆ ಅಂಟಿಸಬೇಕು. ದಿನಕ್ಕೆ ಎರಡು ಸಲ ಬರುವ ಜಾಗ ಅದು, ನೋಡದೆ ಇರುವವರಿಲ್ಲ. ಯಾರದಾದರೂ ಹೆಸರು ಅನರ್ಹರ ಪಟ್ಟಿಗೆ ಹೋಗುವುದಿದ್ದರೆ ಕಾರಣ ಬರೆದು ಮನೆಗೆ ನೋಟೀಸು ಕೊಟ್ಟು ಸಹಿ ಪಡೆಯಬೇಕು, ಅವರ ಉತ್ತರವನ್ನು ಸಭೆಯಲ್ಲಿ ಓದಬೇಕು. ಬಾಕಿ ಇರುವವರಿಗೆ ಚುನಾವಣೆಯ ಪ್ರಕಟಣೆಗೆ ಮೊದಲೇ ತಿಳಿಸಬೇಕು. ಮಹಾಸಭೆಯ ಹಾಜರಿ ಪುಸ್ತಕ ಬಾಗಿಲಲ್ಲೇ ಇರಬೇಕು, ಊಟದ ಮನೆಯಲ್ಲಿ ಅಲ್ಲ.

ಇಷ್ಟು ಮಾಡಿದ ಮೇಲೂ ತಕರಾರು ಬಂದರೆ ಬರಲಿ. ತಕರಾರು ಹಾಕಿದವರನ್ನು ಸಂಘದ ವೈರಿ ಅಂತ ಕಾಣಬಾರದು. ಕಾಯಿದೆ ಕೊಟ್ಟ ಹಕ್ಕನ್ನು ಅವರು ಬಳಸಿದ್ದಾರೆ ಅಷ್ಟೆ. ಅವರ ಹಾಲಿನ ಫ್ಯಾಟು ಆ ದಿನದಿಂದ ಕಡಿಮೆ ಬರಬಾರದು. ಅವರ ದನಕ್ಕೆ ಡಾಕ್ಟರನ್ನು ಕರೆಸುವುದು ತಡ ಆಗಬಾರದು. ಪಶು ಆಹಾರದ ಗೋಣಿ ಅವರಿಗೆ ಮಾತ್ರ ಖಾಲಿ ಅಂತ ಆಗಬಾರದು. ಕೇಸು ಹಾಕಿದವರೂ ಅಷ್ಟೇ, ತೀರ್ಪು ಬರುವ ತನಕ ಹಾಲನ್ನು ಬೇರೆ ಕಡೆ ಹಾಕುತ್ತೇವೆ ಅಂತ ಹೊರಡಬಾರದು. ಕಚೇರಿಯಲ್ಲಿ ಕಾಗದ ನಡೆಯುತ್ತಿರಲಿ, ಇಲ್ಲಿ ಹಾಲು ನಡೆಯುತ್ತಿರಬೇಕು.

ಸಂಘ ಕಟ್ಟುವಾಗ ಮನೆಮನೆ ತಿರುಗಿ ಪಾಲು ಸೇರಿಸಿದ ಹಿರಿಯರಲ್ಲಿ ಕೆಲವರು ಇಂದು ನಮ್ಮ ನಡುವೆ ಇಲ್ಲ. ಅವರಲ್ಲಿ ಕೆಲವರ ಹೆಸರು ಈಗಲೂ ಸದಸ್ಯರ ಪುಸ್ತಕದಲ್ಲಿ ಹಾಗೆಯೇ ಉಂಟು. ಆ ಹೆಸರುಗಳ ಕೆಳಗೆ ಅವರ ಮಕ್ಕಳು, ಸೊಸೆಯಂದಿರು, ಅಳಿಯಂದಿರ ಹೆಸರು ಬರೆಸುವುದೇ ಅವರಿಗೆ ಸಲ್ಲಿಸುವ ಗೌರವ ಎಂದು ನಾವು ತಿಳಿದಿದ್ದೇವೆ. ಅರ್ಜಿ ನಮೂನೆ ಕಾರ್ಯದರ್ಶಿಯವರಲ್ಲಿ ಸಿಗುತ್ತದೆ. ಬೆಳಿಗ್ಗೆ ಹಾಲು ಕೊಟ್ಟು ಹೋಗುವಾಗ ಕೇಳಿ ತೆಗೆದುಕೊಳ್ಳಿ.